ಚಿತ್ರಸಾಹಿತಿ ಜಿ. ವಿ. ಅಯ್ಯರ್



ಪಾದರಕ್ಷೆಯನ್ನು ತೊರೆದು ಬರಿಗಾಲಿನಲ್ಲಿಯೇ ನಡೆದಾಡುತ್ತಿದ್ದ, ಸಂಸ್ಕೃತಭಾಷೆಯಲ್ಲಿ ಮೊತ್ತಮೊದಲ ಚಲನಚಿತ್ರವನ್ನು ತೆಗೆದು ರಾಷ್ಟ್ರದ ಸ್ವರ್ಣಕಮಲಕ್ಕೆ ಪಾತ್ರರಾದ ಜಿ. ವಿ. ಅಯ್ಯರ್ ಅವರ ಹೆಸರನ್ನು ಕೇಳದ ಕನ್ನಡಿಗರು ವಿರಳ. ಆ ಖ್ಯಾತಿ ಅವರನ್ನು ಅರಸಿ ಬಂದದ್ದು ಅವರು ಅರುವತ್ತನ್ನು ದಾಟಿದ ಮೇಲೆ. ಅದಕ್ಕೆ ಸುಮಾರು 30 ವರ್ಷಗಳಷ್ಟು ಹಿಂದೆ, ಕನ್ನಡ ಚಿತ್ರವೆಂಬುದು ಮದರಾಸಿನ ಕೋಡಂಬಾಕದ ಸ್ಟುಡಿಯೋಗಳಲ್ಲಿ ಬಂಧುಗಳ ಮನೆಯಲ್ಲಿ ಬಹಳ ದಿನ ಉಳಿದುಹೋದ ಅತಿಥಿಯಂತೆ ಸಂಕೋಚಪಡುತ್ತ ಒಂದು ಮೂಲೆಯಲ್ಲಿ ಬೆಳೆಯುತ್ತಿದ್ದ ದಿವಸಗಳಲ್ಲಿ, ಕಥೆಯನ್ನು ಹೆಣೆಯುವ, ಮಾತನ್ನು ಬರೆಯುವ, ಹಾಡನ್ನು ಕಟ್ಟುವ, ಸಮಯ ಬಂದಾಗ ಬಣ್ಣ ಹಚ್ಚಿಕೊಂಡು ತಾವೇ ಕ್ಯಾಮರಾದ ಮುಂದೆ ನಿಲ್ಲುವ ಇನ್ನೊಬ್ಬ ಅಯ್ಯರ್ ಇದ್ದರು. ಪರದೆಯ ಮೇಲೆ ಹೆಸರುಗಳು ಓಡುವಾಗ ಜನ ಇನ್ನೂ ತಮ್ಮ ಜಾಗವನ್ನು ಹುಡುಕಿಕೊಳ್ಳುತ್ತಿರುತ್ತಾರಾದ್ದರಿಂದ ಚಿತ್ರಸಾಹಿತಿಯ ಹೆಸರು ಎಂದೂ ಅವರ ಕಣ್ಣಿಗೆ ಬೀಳುವುದಿಲ್ಲ. ಹಾಗೆ ಬೀಳದೆ ಹೋದ ಆ ಅಯ್ಯರ್ ಅವರನ್ನು ಕುರಿತು ಈ ಹೊತ್ತು ನಾಲ್ಕು ಮಾತು ಹೇಳಬೇಕೆಂದಿದ್ದೇನೆ.

ಗಣಪತಿ ವೆಂಕಟರಮಣ ಅಯ್ಯರ್ ಹುಟ್ಟಿದ್ದು 1917ನೆಯ ಇಸವಿಯ ಸೆಪ್ಟೆಂಬರ್ 3ರಂದು, ನಂಜನಗೂಡಿನಲ್ಲಿ. ಕಪಿಲೆಯ ದಡದ ಆ ಊರು ಶ್ರೀಕಂಠೇಶ್ವರನ ಊರು. ಫಾಲ್ಗುಣಮಾಸದ ದೊಡ್ಡಜಾತ್ರೆಯಲ್ಲಿ ಒಂದಲ್ಲ, ಐದು ರಥಗಳು ಬೀದಿಗಿಳಿಯುತ್ತವೆ. ಶ್ರೀಕಂಠೇಶ್ವರನ ಗೌತಮರಥದೊಡನೆ ಗಣಪತಿ, ಪಾರ್ವತಿ, ಸುಬ್ರಹ್ಮಣ್ಯ, ಚಂಡಿಕೇಶ್ವರರ ತೇರುಗಳೂ ಹೊರಡುತ್ತವೆ. ದೇವಾಲಯದ ಒಳಗೆ ಪ್ರದಕ್ಷಿಣೆ ಬರುವವರಿಗೆ ಶಿವಭಕ್ತರಾದ ಅರವತ್ತುಮೂವರು ಪುರಾತನರ ಶಿಲಾವಿಗ್ರಹಗಳು ಸಾಲಾಗಿ ಕಾಣುತ್ತವೆ. ರಾಜನೂ ಕುಂಬಾರನೂ ಮಡಿವಾಳನೂ ಬೇಡನೂ ಒಂದೇ ಸಾಲಿನಲ್ಲಿ, ಒಂದೇ ಎತ್ತರದಲ್ಲಿ, ಕೈಮುಗಿದು ನಿಂತಿರುವ ಆ ಪಂಕ್ತಿಯನ್ನು ನೋಡುತ್ತ ಬೆಳೆದ ಮಗುವಿಗೆ ಶಿವನಿಗೆ ತನ್ನ ಕಣ್ಣನ್ನೇ ಕಿತ್ತುಕೊಟ್ಟ ಬೇಡರ ಕಣ್ಣಪ್ಪನ ಕಥೆಯನ್ನು ಪುಸ್ತಕದಿಂದ ಕಲಿಯಬೇಕಾದ ಅಗತ್ಯ ಬಂದಿರಲಾರದೆಂದು ಊಹಿಸಿದರೆ ತಪ್ಪಾಗಲಾರದು. ಶೇಕ್ಕಿಳಾರ್ ತಮಿಳಿನಲ್ಲಿ ಹಾಡಿದ, ಹರಿಹರ ಕನ್ನಡದಲ್ಲಿ ರಗಳೆ ಕಟ್ಟಿದ ಆ ಕಥೆ ನಂಜನಗೂಡಿನ ಮಕ್ಕಳಿಗೆ ಕಲ್ಲಿನಲ್ಲಿಯೇ ದೊರೆತಿತ್ತು.

ಅಲ್ಲಿಂದ ಕೆಳಕ್ಕೆ ಹರಿದು ಕಪಿಲೆ ಕಾವೇರಿಯನ್ನು ಕೂಡುವ ತಿರುಮಕೂಡಲು ನರಸೀಪುರದ ಸೀಮೆಯೂ ಈ ವಿಷಯದಲ್ಲಿ ಬರಡು ನೆಲವಲ್ಲ. ಆ ತಾಲ್ಲೂಕಿನ ಸೋಸಲೆ ನಮಗೆ ಅಯ್ಯಾಶಾಸ್ತ್ರಿಗಳನ್ನು ಕೊಟ್ಟಿತು. 1854ರಲ್ಲಿ ಹುಟ್ಟಿ, ಮೈಸೂರು ಆಸ್ಥಾನದಲ್ಲಿ ವಿದ್ವಾಂಸರಾಗಿ, ಅರಮನೆಯ ಆಶ್ರಯದಲ್ಲಿ ಕನ್ನಡ ರಂಗಭೂಮಿ ಕಣ್ಣುತೆರೆದ ಕಾಲದಲ್ಲಿ ಅದಕ್ಕೆ ನಾಟಕಗಳನ್ನು ಒದಗಿಸಿದ ಪಂಡಿತರ ಪೈಕಿ ಅವರೊಬ್ಬರು. ಅವರು ರಚಿಸಿದ ದೇವತಾಪ್ರಾರ್ಥನೆಯೊಂದು ಹಳೆಯ ಮೈಸೂರಿನ ಶಾಲೆಗಳಲ್ಲಿ ದಿನವೂ ಬೆಳಗ್ಗೆ ಮೊಳಗುತ್ತಿತ್ತು; ಅದೇ ಪ್ರಾರ್ಥನೆಯನ್ನು 1958ರಲ್ಲಿ ಬಿ. ಆರ್. ಪಂತುಲು ಅವರು ತಮ್ಮ 'ಸ್ಕೂಲ್ ಮಾಸ್ಟರ್' ಚಿತ್ರದಲ್ಲಿ ಬಳಸಿಕೊಂಡಾಗ, ಕವಿ ಕಾಲವಾಗಿ ಎರಡು ದಶಕಗಳ ಮೇಲಾಗಿತ್ತು. ಅದೇ ತಾಲ್ಲೂಕಿನ ಮೂಗೂರಿನ ನೃತ್ಯಪರಂಪರೆಯನ್ನು ಬಲ್ಲವರು ಬಲ್ಲರು. ಆ ಊರಿನ ಹೆಸರನ್ನು ಹೊತ್ತ ಸುಂದರ್ ಅವರು ಮುಂದೆ ಮದರಾಸಿನ ಚಿತ್ರರಂಗಕ್ಕೆ ಹೆಜ್ಜೆ ಕಲಿಸಿದರು. ದೇವಸ್ಥಾನ, ಅರಮನೆ, ನಾಟಕ, ಸಿನಿಮಾ ಎಂದು ನಾವು ಬೇರೆ ಬೇರೆಯಾಗಿ ಎಣಿಸುವ ವಸ್ತುಗಳು ಈ ಎರಡು ಹೊಳೆಗಳ ನಡುವಣ ಸೀಮೆಯಲ್ಲಿ ಅಷ್ಟೇನೂ ಬೇರೆಯಾಗಿರಲಿಲ್ಲವೆಂಬುದಕ್ಕೆ ಇಷ್ಟು ಸಾಕು.

ಅಯ್ಯರ್ ತಮ್ಮ ಎಂಟನೆಯ ವಯಸ್ಸಿನಲ್ಲಿಯೇ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯನ್ನು ಸೇರಿದರು. ಕಂಪನಿಯೆಂದರೆ ಈಗಿನ ಕೇಳುಗರಿಗೆ ಅದರ ವೈಭವ ಹೊಳೆಯುವುದೇ ಹೊರತು ಅದರ ವಿದ್ಯಾಭ್ಯಾಸಕ್ರಮ ಹೊಳೆಯಲಾರದು. ಒಂದು ಊರಿನಲ್ಲಿ ಕ್ಯಾಂಪು ಮಾಡಿ, ತಗಡಿನ ಥಿಯೇಟರು ಎಬ್ಬಿಸಿ, ತಿಂಗಳುಗಟ್ಟಲೆ ದಿನವೂ ಆಡುವ ಆ ಸಂಸ್ಥೆಯಲ್ಲಿ ಬಾಲನಟನಾಗಿ ಸೇರಿದ ಹುಡುಗ, ಬೆಳಗ್ಗೆ ಹಾರ್ಮೋನಿಯಂ ಮೇಷ್ಟ್ರ ಮುಂದೆ ಸ್ವರ, ಮಧ್ಯಾಹ್ನ ಮಾತಿನ ತಾಲೀಮು, ರಾತ್ರಿ ಗ್ಯಾಸ್‌ಲೈಟಿನ ಬೆಳಕಿನಲ್ಲಿ ಪಾತ್ರ, ಹೀಗೆ ವರ್ಷಗಳನ್ನು ಕಳೆದು, ಯಾವ ಮಾತಿಗೆ ಹಿಂದಿನ ಬೆಂಚಿನವನು ಕೈತಟ್ಟುತ್ತಾನೆ, ಯಾವ ಮಾತಿಗೆ ಮುಂದಿನ ಕುರ್ಚಿಯವನು ಆಕಳಿಸುತ್ತಾನೆ ಎಂಬುದನ್ನು ವಿಮರ್ಶಕನಿಂದಲ್ಲ, ಆ ಕ್ಷಣದ ಸದ್ದಿನಿಂದಲೇ ಕಲಿಯುತ್ತಿದ್ದ. ಕಂಪನಿಗೊಬ್ಬ ಕವಿ ಇರುತ್ತಿದ್ದ. ನಟರ ಉಸಿರಿನ ಉದ್ದವನ್ನೂ ಅವರ ನಾಲಗೆಯ ತೊಡರನ್ನೂ ಅರಿತು ಮಾತನ್ನು ಅಳತೆಗೆ ಕತ್ತರಿಸುವುದು ಅವನ ಕೆಲಸ. ಸಾಹಿತ್ಯಚರಿತ್ರೆಗಳಲ್ಲಿ ಅವನಿಗೆ ಒಂದು ಅಡಿಟಿಪ್ಪಣಿಯೂ ದೊರೆಯುವುದಿಲ್ಲ. ಆದರೆ ಕನ್ನಡ ವಾಕ್ಚಿತ್ರ ಹುಟ್ಟಿದಾಗ ಅದಕ್ಕೆ ಮಾತು ಕಲಿಸಿದವನು ಅವನೇ.

ಇದಕ್ಕೆ ಮೊದಲ ಸಾಕ್ಷಿ ಬೆಳ್ಳಾವೆ ನರಹರಿಶಾಸ್ತ್ರಿಗಳು. 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ಬಿಡುಗಡೆಯಾದ ನಮ್ಮ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ'ಕ್ಕೆ ಕಥೆ, ಮಾತು, ಹಾಡುಗಳನ್ನು ಬರೆದವರು ರಂಗಭೂಮಿಯ ಕವಿಯಾಗಿದ್ದ ಆ ಶಾಸ್ತ್ರಿಗಳು. ಚಿತ್ರದ ಇಂದ್ರಜಿತು ಸುಬ್ಬಯ್ಯನಾಯ್ಡು, ರಾವಣ ಆರ್. ನಾಗೇಂದ್ರರಾಯರು, ಇಬ್ಬರೂ ರಂಗದಿಂದ ಬಂದವರು. ಚಿತ್ರ ತಯಾರಾದದ್ದು ಮಾತ್ರ ದೂರದ ಕೊಲ್ಲಾಪುರದಲ್ಲಿ. ಕನ್ನಡನಾಡಿನಲ್ಲಿ ಆಗ ವಾಕ್ಚಿತ್ರ ತೆಗೆಯುವ ಸ್ಟುಡಿಯೋ ಇರಲಿಲ್ಲ. ಮೈಸೂರಿನಲ್ಲಿ ನವಜ್ಯೋತಿ ಸ್ಟುಡಿಯೋ ಬಂದ ಮೇಲೆಯೂ, ಶಂಕರ್‌ಸಿಂಗ್, ವಿಠಲಾಚಾರ್ಯರಂಥವರ ಚಿತ್ರನಿರ್ಮಾಣದ ಸಾಹಸ ನಡೆದ ಮೇಲೆಯೂ, ಕನ್ನಡ ಚಿತ್ರಗಳ ಬಹುಪಾಲು ಮದರಾಸಿಗೇ ಹೋಗಬೇಕಾಗಿತ್ತು.

ಅಯ್ಯರ್ ಸಿನಿಮಾಕ್ಕೆ ಕಾಲಿಟ್ಟದ್ದು 1943ರ 'ರಾಧಾರಮಣ'ದಲ್ಲಿ, ನಟರಾಗಿ. ಆ ಕಾಲ ಯುದ್ಧಕಾಲ. ಕಚ್ಚಾ ಫಿಲ್ಮು ಹೊರದೇಶದಿಂದ ಬರಬೇಕಾಗಿದ್ದು, ಹಡಗುಗಳ ಓಡಾಟ ಕಡಿಮೆಯಾದುದರಿಂದ ಸರ್ಕಾರ ಅದಕ್ಕೆ ನಿಯಂತ್ರಣವನ್ನು ಹೇರಿ, ಕಥಾಚಿತ್ರವೊಂದು 11,000 ಅಡಿಗಳನ್ನು ಮೀರಕೂಡದೆಂದು ವಿಧಿಸಿತ್ತು. ವಾಕ್ಚಿತ್ರ ನಿಮಿಷಕ್ಕೆ 90 ಅಡಿಯಂತೆ ಓಡುತ್ತದೆ. ಲೆಕ್ಕ ಹಾಕಿದರೆ ಎರಡು ಗಂಟೆ ಎರಡು ನಿಮಿಷ. ಅದುವರೆಗೆ ಮೂರು ಗಂಟೆಯ ಹತ್ತಿರ ಹತ್ತಿರ ನಡೆಯುತ್ತಿದ್ದ, ಹಾಡಿಗೊಂದು ಹಾಡು ಪೋಣಿಸಿಕೊಂಡಿದ್ದ ಪೌರಾಣಿಕ ಚಿತ್ರಗಳ ಮಾತುಗಾರನಿಗೆ ಇದೊಂದು ಕಠಿಣ ಪಾಠ. ರಂಗದ ಮೇಲೆ ಒಬ್ಬ ರಾವಣ ಕಂದದಿಂದ ಮೊದಲಿಟ್ಟು ಸೀಸಪದ್ಯದವರೆಗೆ ಕಾಲು ಗಂಟೆ ಗರ್ಜಿಸಿದರೆ ಮಾಲೀಕನಿಗೆ ನಷ್ಟವಿಲ್ಲ. ಸ್ಟುಡಿಯೋದಲ್ಲಿ ಅದೇ ಗರ್ಜನೆಗೆ 1,350 ಅಡಿ ಫಿಲ್ಮು ಬೇಕು. ಮೈಕು ಎಲ್ಲೋ ಮರೆಯಲ್ಲಿ ತೂಗುತ್ತಿರುತ್ತದೆ. ನಟ ಅದರಿಂದ ಎರಡು ಹೆಜ್ಜೆ ಸರಿದರೆ ಮಾತು ಕೆಡುತ್ತದೆ. ಮತ್ತೆ ತೆಗೆಯಬೇಕೆಂದರೆ ಮತ್ತೆ ಅಷ್ಟು ಅಡಿ. ಕನ್ನಡದ ಚಿತ್ರಸಂಭಾಷಣೆ ಸಂಕ್ಷಿಪ್ತವಾದುದಕ್ಕೆ ಸಾಹಿತ್ಯಾಭಿರುಚಿಯ ಸುಧಾರಣೆಯನ್ನು ಕಾರಣವಾಗಿ ಹೇಳುವವರಿದ್ದಾರೆ. ನನಗೇನೋ ಅದರಲ್ಲಿ ಅರ್ಧಪಾಲಾದರೂ ಫಿಲ್ಮಿನ ಅಡಿಗಳ ಮಹಿಮೆಯೆಂದೇ ತೋರುತ್ತದೆ.

ಇಷ್ಟೆಲ್ಲ ಪೀಠಿಕೆಯನ್ನು ಹಾಕಬೇಕಾದದ್ದು 'ಬೇಡರ ಕಣ್ಣಪ್ಪ'ದ ಸಲುವಾಗಿ. ಗುಬ್ಬಿ ಕಂಪನಿಯ ರಂಗದ ಮೇಲೆ ನಡೆದಿದ್ದ ಅಯ್ಯರ್ ಅವರ ನಾಟಕವೇ ಆ ಚಿತ್ರಕ್ಕೆ ಆಧಾರ. ಎಚ್. ಎಲ್. ಎನ್. ಸಿಂಹ ನಿರ್ದೇಶಿಸಿದ, ಗುಬ್ಬಿ ವೀರಣ್ಣನವರ ಸಂಸ್ಥೆಯೂ ಎ. ವಿ. ಎಂ. ಸ್ಟುಡಿಯೋವೂ ಕೈಗೂಡಿಸಿ ತಯಾರಿಸಿದ ಅದು 1954ರ ಮೇ ತಿಂಗಳಲ್ಲಿ ತೆರೆ ಕಂಡಿತು. ರಾಷ್ಟ್ರಮಟ್ಟದ ಚಲನಚಿತ್ರಪ್ರಶಸ್ತಿಗಳಲ್ಲಿ ಅರ್ಹತಾಪತ್ರವನ್ನು ಪಡೆಯಿತು. ಗಾಜನೂರಿನ ಮುತ್ತುರಾಜ ಎಂಬ ರಂಗನಟ ರಾಜಕುಮಾರನಾದುದು ಆ ಚಿತ್ರದಲ್ಲಿ. ನರಸಿಂಹರಾಜು ಅವರ ಹಾಸ್ಯವೂ ಅಲ್ಲಿಂದಲೇ ಮೊದಲಾಯಿತು. ಪಂಢರೀಬಾಯಿಯವರ ನೀಲೆಯನ್ನು ಕಂಡವರು ಇನ್ನೂ ಮರೆತಿಲ್ಲ. ಕಥೆಯ ಕರ್ತೃವೂ ಒಂದು ಪಾತ್ರವನ್ನು ಧರಿಸಿದ್ದರು. ನಟರ ಭಾಗ್ಯ ದೊಡ್ಡದು, ಅವರ ಮುಖ ಉಳಿಯುತ್ತದೆ. ಅವರ ಬಾಯಿಗೆ ಮಾತನ್ನಿತ್ತವರ ವಿಷಯ ಯಾರೂ ಕೇಳುವುದಿಲ್ಲ.

ಆದರೆ ಕೇಳಬೇಕಾದ ವಿಷಯ ಅಲ್ಲಿಯೇ ಇದೆ. ಕಣ್ಣಪ್ಪನ ಕಥೆ ಮಾತುಗಾರನಿಗೆ ಅತ್ಯಂತ ತೊಡಕಿನ ಕಥೆ. ಅದರ ನಾಯಕನಿಗೆ ಮಂತ್ರ ಬಾರದು, ತರ್ಕ ಬಾರದು, ತನ್ನ ಭಕ್ತಿಯನ್ನು ಹೆಸರಿಟ್ಟು ಕರೆಯುವುದೂ ಬಾರದು. ಬಾಯಲ್ಲಿ ತಂದ ನೀರೇ ಅಭಿಷೇಕ, ರುಚಿ ನೋಡಿದ ಮಾಂಸವೇ ನೈವೇದ್ಯ, ಕಣ್ಣಿಡುವ ಜಾಗವನ್ನು ಗುರುತು ಹಿಡಿಯಲು ಕಾಲಿನ ಕೆರವೇ ಸಾಧನ. ಅವನ ಹಿರಿಮೆಯೆಲ್ಲ ಕೃತಿಯಲ್ಲಿದೆಯೇ ಹೊರತು ಉಕ್ತಿಯಲ್ಲಿಲ್ಲ. ಇಂಥವನ ಬಾಯಿಗೆ ಕಂಪನಿ ನಾಟಕದ ಪದ್ಧತಿಯಂತೆ ಪ್ರಾಸಬದ್ಧವಾದ ವೇದಾಂತವನ್ನು ತುಂಬಿದರೆ ಕಥೆ ಸತ್ತುಹೋಗುತ್ತದೆ. ಅವನನ್ನು ಮೂಕನಾಗಿಸಿದರೆ ನಾಟಕವೇ ನಡೆಯುವುದಿಲ್ಲ. ಅಯ್ಯರ್ ಈ ಇಕ್ಕಟ್ಟಿನಿಂದ ಪಾರಾದುದು ಹಳೆಯ ಕಥೆಯ ಒಂದು ಕೀಲನ್ನು ಬದಲಿಸಿ. ಪುರಾಣದ ಅರ್ಚಕ ದುಷ್ಟನಲ್ಲ. ಶೇಕ್ಕಿಳಾರನ ಶಿವಗೋಚರಿ ಶುದ್ಧಾತ್ಮ. ದೇವರ ಮೇಲೆ ಮಾಂಸ ಬಿದ್ದಿರುವುದನ್ನು ಕಂಡು ಹೃದಯ ಒಡೆದು ಅಳುವವನು. ಅಲ್ಲಿ ನಡೆಯುವುದು ಎರಡು ಬಗೆಯ ಭಕ್ತಿಗಳ ನಡುವಣ ತಾರತಮ್ಯದ ಪರೀಕ್ಷೆ. ಅಯ್ಯರ್ ಅವರ ಕಥೆಯಲ್ಲಿ ಅರ್ಚಕನ ಮನೆ ಭ್ರಷ್ಟವಾದ ಮನೆ. ದೇವರ ಒಡವೆಯ ಕಳವು ಅಲ್ಲಿ ನಡೆದು, ಆರೋಪ ಮಾತ್ರ ಬೇಡನ ತಲೆಯ ಮೇಲೆ ಬರುತ್ತದೆ, ಅವನು ಚಿತ್ರಹಿಂಸೆಗೆ ಗುರಿಯಾಗುತ್ತಾನೆ. ಪ್ರಶ್ನೆ ಆಚಾರದಿಂದ ನ್ಯಾಯಕ್ಕೆ ಹೊರಳಿಕೊಂಡಿತು. ಒಡನೆಯೇ ನಾಯಕನಿಗೆ ಆಡಲು ಮಾತುಗಳು ದೊರೆತವು: ಅವನು ವೇದಾಂತವನ್ನು ಹೇಳಬೇಕಾಗಿಲ್ಲ, ತಾನು ಕದಿಯಲಿಲ್ಲವೆಂದು ಹೇಳಿದರೆ ಸಾಕು. ವಾಕ್ಚಾತುರ್ಯವನ್ನೆಲ್ಲ ಕಪಟಿಗಳ ಪಾಲಿಗೆ ಬಿಟ್ಟು, ಸತ್ಯವಂತನಿಗೆ ಸರಳವಾದ ನಾಲ್ಕೇ ಮಾತನ್ನು ಉಳಿಸಿದ ಈ ವಿಭಜನೆಯೇ ಆ ಚಿತ್ರದ ಬೆನ್ನೆಲುಬು.

ಹೀಗೆ ಮಾಡಿದ್ದರಿಂದ ಒಂದು ನಷ್ಟವೂ ಆಯಿತೆಂಬುದನ್ನು ಮರೆಯಲಾಗದು. ಶಿವಗೋಚರಿಯ ಕಣ್ಣೀರಿನಲ್ಲಿದ್ದ ಸೂಕ್ಷ್ಮ, ಅಂದರೆ ಒಳ್ಳೆಯವನೂ ತನಗಿಂತ ಹಿರಿದಾದ ಒಳ್ಳೆಯತನದ ಮುಂದೆ ಕುರುಡಾಗಬಹುದೆಂಬ ಗಹನವಾದ ಸಂಗತಿ, ಕಪಟ ಅರ್ಚಕನ ಚಿತ್ರದಲ್ಲಿ ಉಳಿಯಲಿಲ್ಲ. ಆದರೆ ಸಂವಿಧಾನ ಜಾರಿಗೆ ಬಂದು ನಾಲ್ಕು ವರ್ಷವಾಗಿದ್ದ 1954ರಲ್ಲಿ ಊರೂರಿನ ಟೆಂಟುಗಳ ನೆಲದ ಮೇಲೆ ಕುಳಿತು ಆ ಚಿತ್ರವನ್ನು ನೋಡಿದವರಿಗೆ ಯಾವುದು ಬೇಕಾಗಿತ್ತೆಂಬುದನ್ನು ಅವರ ನಡುವೆಯೇ ಬೆಳೆದ ಅಯ್ಯರ್ ಚೆನ್ನಾಗಿ ಬಲ್ಲವರಾಗಿದ್ದರು. ಅದು ಮಾರಾಟದ ಜಾಣತನವೆಂದು ಕೆಲವರು ಮೂಗು ಮುರಿದಾರು. ನಂಜನಗೂಡಿನ ಶಿಲಾಪಂಕ್ತಿಯಲ್ಲಿ ಬೇಡನನ್ನು ರಾಜನ ಪಕ್ಕಕ್ಕೆ ನಿಲ್ಲಿಸಿದ ಶಿಲ್ಪಿಯ ಮನಸ್ಸೇ ಇಲ್ಲಿ ಕೆಲಸ ಮಾಡಿತೆಂದು ನಾನು ತಿಳಿಯುತ್ತೇನೆ.

ಎ. ವಿ. ಎಂ. ಸಂಸ್ಥೆಯ ಕ್ರಮ ಗೆದ್ದ ಕಥೆಯನ್ನು ಒಂದು ಭಾಷೆಗೆ ಬಿಡುವುದಲ್ಲ. ಅದರ ಮಾಲೀಕ ಮೆಯ್ಯಪ್ಪ ಚೆಟ್ಟಿಯಾರರು 1943ರ ಕನ್ನಡ 'ಸತ್ಯಹರಿಶ್ಚಂದ್ರ'ಕ್ಕೆ ತಮಿಳಿನ ಮಾತನ್ನು ಅಂಟಿಸಿ ಮರುವರ್ಷ ಬಿಡುಗಡೆ ಮಾಡಿ, ದಕ್ಷಿಣದೇಶದಲ್ಲಿ ಡಬ್ಬಿಂಗಿಗೆ ದಾರಿ ತೋರಿಸಿದವರು. ಕಣ್ಣಪ್ಪನೂ ತೆಲುಗಿನಲ್ಲಿ 'ಕಾಳಹಸ್ತಿ ಮಾಹಾತ್ಮ್ಯಂ' ಆದನು, ಹಿಂದಿಯಲ್ಲಿ 'ಶಿವಭಕ್ತ' ಆದನು. ಮಾತು ಬೇರೆಯವರದಾಗಬಹುದು, ಕಥೆಯ ಕೀಲು ಅದೇ.

ಅದರ ತರುವಾಯದ ವರ್ಷಗಳಲ್ಲಿ 'ಸೋದರಿ', 'ಮಹಾಕವಿ ಕಾಳಿದಾಸ', 'ಹರಿಭಕ್ತ' ಮೊದಲಾದ ಚಿತ್ರಗಳಲ್ಲಿ ಅಯ್ಯರ್ ಅವರನ್ನು ಕಾಣುತ್ತೇವೆ. ಆದರೆ ವರ್ಷಕ್ಕೆ ತಯಾರಾಗುತ್ತಿದ್ದ ಕನ್ನಡ ಚಿತ್ರಗಳೇ ಬೆರಳೆಣಿಕೆಯವು. ಕಲಾವಿದರಿಗೆ ಮದರಾಸಿನಲ್ಲಿ ಬಾಡಿಗೆ ಕೊಡುವುದೂ ಕಷ್ಟವಾಗಿತ್ತು. ಆಗ ರಾಜಕುಮಾರ್, ನರಸಿಂಹರಾಜು, ಬಾಲಕೃಷ್ಣ, ಅಯ್ಯರ್, ಈ ನಾಲ್ವರು ಕೂಡಿ ಕನ್ನಡ ಚಲನಚಿತ್ರ ಕಲಾವಿದರ ಸಂಘವನ್ನು ಕಟ್ಟಿಕೊಂಡು, ಸಿನಿಮಾದವರು ಮತ್ತೆ ನಾಟಕದವರಾಗಿ ಊರೂರು ತಿರುಗಿದರು. ಸಂಘವೇ ನಿರ್ಮಾಪಕನಾಗಿ 1960ರಲ್ಲಿ ಹೊರತಂದ ಚಿತ್ರ 'ರಣಧೀರ ಕಂಠೀರವ'. 1638ರಿಂದ 1659ರವರೆಗೆ ಶ್ರೀರಂಗಪಟ್ಟಣದಿಂದ ಆಳಿದ, ತಿರುಚಿನಾಪಳ್ಳಿಯ ಮಲ್ಲನನ್ನು ಗೆದ್ದನೆಂದು ಮೈಸೂರಿನ ಮಕ್ಕಳೆಲ್ಲ ಕೇಳಿ ಬೆಳೆದ ಕಂಠೀರವ ನರಸರಾಜ ಒಡೆಯರ ಕಥೆ ಅದು. ಅಯ್ಯರ್ ಅದಕ್ಕೆ ಕಥೆ-ಸಂಭಾಷಣೆಗಳನ್ನು ಒದಗಿಸಿದರು, ಎನ್. ಸಿ. ರಾಜನ್ ನಿರ್ದೇಶಿಸಿದರು. ಪುರಾಣಪುರುಷರಿಗೆ ಮಾತ್ರ ಮೀಸಲಾಗಿದ್ದ ಗಂಭೀರವಾಣಿಯನ್ನು ತಮ್ಮ ಜಿಲ್ಲೆಯ ಮಣ್ಣಿನ ಅರಸನೊಬ್ಬನಿಗೆ ಕೊಟ್ಟದ್ದು ಇಲ್ಲಿ ಹೊಸತು. ದೇವರಾದರೆ ಯಾವ ಭಾಷೆಯಲ್ಲಿ ಮಾತನಾಡಿದರೂ ನಡೆಯುತ್ತದೆ. ಕಾವೇರಿಯ ನೀರು ಕುಡಿದ ದೊರೆ ಹಾಗೆ ಮಾತನಾಡಲಾಗುವುದಿಲ್ಲವಷ್ಟೆ.

ಮರುವರ್ಷದ 'ಕಣ್ತೆರೆದು ನೋಡು' ಚಿತ್ರಕ್ಕೆ ಅವರು ಬರೆದ, ಕನ್ನಡದ ಮಕ್ಕಳನ್ನೆಲ್ಲ ಒಟ್ಟುಗೂಡಲು ಕರೆಯುವ ಹಾಡು ಇಂದಿಗೂ ರಾಜ್ಯೋತ್ಸವದ ಧ್ವನಿವರ್ಧಕಗಳಲ್ಲಿ ಕೇಳಿಬರುತ್ತದೆ. ಏಕೀಕರಣವಾಗಿ ಐದು ವರ್ಷ ಕಳೆದಿತ್ತು. ನಕಾಶೆಯಲ್ಲಿ ಒಂದಾದವರು ಮನಸ್ಸಿನಲ್ಲಿ ಒಂದಾಗಬೇಕಾದ ಕಾಲ ಅದು. ಜಿ. ಕೆ. ವೆಂಕಟೇಶ್ ಸ್ವರ ಕೂಡಿಸಿ ತಾವೇ ಹಾಡಿದ ಆ ಗೀತೆಯನ್ನು ಎಷ್ಟೋ ಜನ ಜನಪದರ ಹಾಡೆಂದೇ ತಿಳಿದಿರುವುದನ್ನು ನಾನು ಕಂಡಿದ್ದೇನೆ. ಚಿತ್ರಸಾಹಿತಿಗೆ ಇದಕ್ಕಿಂತ ದೊಡ್ಡ ಬಹುಮಾನವೂ ಇಲ್ಲ, ಇದಕ್ಕಿಂತ ದೊಡ್ಡ ಅನ್ಯಾಯವೂ ಇಲ್ಲ.

1962ರಲ್ಲಿ 'ಭೂದಾನ'ದಿಂದ ಅವರು ನಿರ್ದೇಶಕರೂ ಆದರು. ರಾಜಕುಮಾರ್, ಉದಯಕುಮಾರ್, ಕಲ್ಯಾಣಕುಮಾರ್ ಮೂವರನ್ನೂ ಒಂದೇ ಚಿತ್ರದಲ್ಲಿ ನಿಲ್ಲಿಸಿದ್ದು ಅದರ ಹೆಗ್ಗಳಿಕೆಯೆಂದು ಹೇಳುವುದುಂಟು. ಭೂಮಿಯಿಲ್ಲದವನ ದುಡಿಮೆಯನ್ನು ಕಥಾವಸ್ತುವಾಗಿ ಹಿಡಿದದ್ದು ಅದಕ್ಕಿಂತ ಹೆಚ್ಚಿನ ಹೆಗ್ಗಳಿಕೆಯೆಂದು ನನಗೆ ತೋರುತ್ತದೆ. ಬಳಿಕ 'ತಾಯಿ ಕರುಳು', 'ಲಾಯರ್ ಮಗಳು', 'ಪೋಸ್ಟ್ ಮಾಸ್ಟರ್', 'ಕಿಲಾಡಿ ರಂಗ', 'ಮೈಸೂರು ಟಾಂಗಾ', ಹೀಗೆ ಚಿತ್ರದ ಮೇಲೆ ಚಿತ್ರ ಬಂದುವು. ಇವುಗಳಲ್ಲಿ ಕೆಲವನ್ನು ಅಭಿಮಾನಿಗಳೂ ಎರಡು ಸಲ ನೋಡಲಾರರು. ಬರೆಯುವ ಕೈ ಹೊಟ್ಟೆಪಾಡಿಗೆ ಒಗ್ಗಿದಾಗ ಆಗುವ ಶೈಥಿಲ್ಯ ಅಲ್ಲಿದೆ.

ಆಮೇಲೆ ನಡೆದದ್ದು ವಿಚಿತ್ರ. 1971ರಲ್ಲಿ ಅಯ್ಯರ್ ನಿರ್ಮಾಪಕರಾಗಿ, ಬಿ. ವಿ. ಕಾರಂತ, ಗಿರೀಶ ಕಾರ್ನಾಡರೆಂಬ ಇಬ್ಬರು ತರುಣರ ಕೈಗೆ 'ವಂಶವೃಕ್ಷ'ವನ್ನು ಒಪ್ಪಿಸಿದರು. ಎಸ್. ಎಲ್. ಭೈರಪ್ಪನವರ ಆ ಕಾದಂಬರಿ ನಂಜನಗೂಡಿನ ಶ್ರೋತ್ರಿಯರ ಮನೆಯ ಕಥೆ. ಮಗನನ್ನು ಕಪಿಲೆಯ ಪ್ರವಾಹ ನುಂಗಿದಲ್ಲಿಂದ ಅದರ ದುಃಖವೆಲ್ಲ ಮೊದಲಾಗುತ್ತದೆ. ಅವರವರ ಊರಿನ ಕಥೆಯನ್ನು ಅವರವರೇ ಬರೆಯಬೇಕೆಂಬ ಹಂಬಲ ಬರಹಗಾರನಿಗೆ ಸಹಜ. ನೂರಾರು ಪುಟ ಸಂಭಾಷಣೆ ಬರೆದಿದ್ದ ಅಯ್ಯರ್ ತಮ್ಮ ಹುಟ್ಟೂರಿನ ಕಥೆ ತೆರೆಗೆ ಬರುವಾಗ ಲೇಖನಿಯನ್ನು ಕೆಳಗಿಟ್ಟು ಹಣದ ಹೊರೆಯನ್ನಷ್ಟೇ ಹೊತ್ತರು. ಹೊಸ ಬಗೆಯ ಸಿನಿಮಾದಲ್ಲಿ ಮಾತಿನ ಸ್ಥಾನ ಬೇರೆಯಾಗಿದೆಯೆಂಬುದನ್ನು ಆ ಹಳೆಯ ಕಂಪನಿ ಕವಿ ಅರಿತುಕೊಂಡದ್ದಕ್ಕೆ ಇದೊಂದು ಗುರುತೆನ್ನಬಹುದು. ನಾಲ್ಕು ವರ್ಷದ ತರುವಾಯ ತ. ರಾ. ಸು. ಅವರ ಕಾದಂಬರಿಯಿಂದ 'ಹಂಸಗೀತೆ'ಯನ್ನು ತಾವೇ ನಿರ್ದೇಶಿಸಿದಾಗ, ಮಾತು ಹಿಂದೆ ಸರಿದು ಸಂಗೀತವೂ ಚಿತ್ರದುರ್ಗದ ಬಂಡೆಗಳೂ ಕಥೆ ಹೇಳಿದವು.

ಮುಂದೆ ಬಂದದ್ದು ಆ ಮೊತ್ತಮೊದಲ ಸಂಸ್ಕೃತಚಿತ್ರ, 'ಆದಿಶಂಕರಾಚಾರ್ಯ'. ಅದರ ಸಂಭಾಷಣೆಯನ್ನು ಬನ್ನಂಜೆ ಗೋವಿಂದಾಚಾರ್ಯರು ಬರೆದರು. ಚಿತ್ರಕಥೆ ಅಯ್ಯರ್ ಅವರದು. ಮೃತ್ಯುವನ್ನೂ ಜ್ಞಾನವನ್ನೂ ಇಬ್ಬರು ಒಡನಾಡಿಗಳನ್ನಾಗಿ ಮಾಡಿ ಶಂಕರರ ಜೊತೆ ದೇಶವೆಲ್ಲ ನಡೆಸಿದ ಕಲ್ಪನೆ ರಂಗಭೂಮಿಯ ಮನುಷ್ಯನಿಗೆ ಮಾತ್ರ ಹೊಳೆಯುವಂಥದು. ಬೇಡನ ಕಥೆಯಿಂದ ಹೊರಟವರು ಅದ್ವೈತಾಚಾರ್ಯರ ಕಥೆಗೆ ಬಂದದ್ದನ್ನು ಕೆಲವರು ಹಿಮ್ಮುಖ ಪ್ರಯಾಣವೆಂದರು, ಜನರನ್ನು ಬಿಟ್ಟು ಪಂಡಿತರ ಪಕ್ಷ ಸೇರಿದರೆಂದರು. ಅವರಿಗೆ ಶಿವಾನಂದಲಹರಿಯ 63ನೆಯ ಶ್ಲೋಕವನ್ನು ತೋರಿಸಬೇಕೆನಿಸುತ್ತದೆ. ಶಂಕರರದೆಂದು ಸಂಪ್ರದಾಯ ಹೇಳುವ ಆ ಸ್ತೋತ್ರದಲ್ಲಿ, ದಾರಿ ನಡೆದು ಸವೆದ ಕೆರವನ್ನೂ ಬಾಯಿಯ ನೀರನ್ನೂ ತಿಂದುಳಿದ ಮಾಂಸವನ್ನೂ ಒಂದೊಂದಾಗಿ ನೆನೆದು, ಭಕ್ತರ ಶಿರೋಭೂಷಣವೆಂಬ ಪಟ್ಟವನ್ನು ಆ ವನಚರನಿಗೆ ಕಟ್ಟಲಾಗಿದೆ. ಅದನ್ನು ಓದಿದವರು ಅಯ್ಯರ್ ಪಕ್ಷ ಬದಲಿಸಿದರೆಂದು ಹೇಳುವುದಕ್ಕೆ ಮುನ್ನ ಸ್ವಲ್ಪ ತಡೆದಾರು.

'ಆದಿಶಂಕರಾಚಾರ್ಯ'ಕ್ಕೆ ರಾಷ್ಟ್ರಪ್ರಶಸ್ತಿಗಳಲ್ಲಿ ದೊರೆತ ಅತ್ಯುತ್ತಮ ಚಿತ್ರವೆಂಬ ಮನ್ನಣೆಯೊಡನೆ ಅತ್ಯುತ್ತಮ ಚಿತ್ರಕಥೆಯ ಪ್ರಶಸ್ತಿಯೂ ಅಯ್ಯರ್ ಅವರಿಗೆ ಬಂತು. ಸ್ವರ್ಣಕಮಲದ ಹೊಳಪಿನಲ್ಲಿ ಪತ್ರಿಕೆಗಳು ಈ ಎರಡನೆಯದನ್ನು ಒಂದು ಸಾಲಿನಲ್ಲಿ ಮುಗಿಸಿದವು. ಕಂಪನಿಯಲ್ಲಿ ಮಾತು ಕಲಿತು, ಅಡಿ ಲೆಕ್ಕದ ಫಿಲ್ಮಿಗೆ ಅದನ್ನು ಕತ್ತರಿಸುವುದನ್ನು ಕಲಿತು, ಕೊನೆಗೆ ಅದನ್ನು ಬಿಡುವುದನ್ನೂ ಕಲಿತಿದ್ದ ಚಿತ್ರಸಾಹಿತಿಗೆ ಆಗ ವಯಸ್ಸು ಅರುವತ್ತಾರು. 'ಮಧ್ವಾಚಾರ್ಯ', 'ರಾಮಾನುಜಾಚಾರ್ಯ', 'ಭಗವದ್ಗೀತಾ', 'ಸ್ವಾಮಿ ವಿವೇಕಾನಂದ' ಇನ್ನೂ ಮುಂದೆ ಇದ್ದುವು. 2003ರ ಡಿಸೆಂಬರ್ 21ರಂದು, 86ನೆಯ ವಯಸ್ಸಿನಲ್ಲಿ, ತೀರಿಕೊಂಡಾಗ ಅವರು ರಾಮಾಯಣವನ್ನು ತೆರೆಗೆ ತರುವ ಸಿದ್ಧತೆಯಲ್ಲಿದ್ದರು.